ಎರಡು ಮೋಟಾರು, ಒಂದು ಹಿಡಿಕೆ

‘ಗಿರಣಿ ಅಕ್ಕ ಸಾಹೇಬರ ಕಾಲಿಗೆ ಬಿದ್ದು ಕರೆಂಟಿನ ದಂಡ ಮಾಫಿ ಮಾಡಿಸಿಕೊಂಡಳು’ ಎಂದು ಗಜೇಂದ್ರಗಡದಲ್ಲಿ ಈಗಲೂ ಹೇಳುವವರಿದ್ದಾರೆ. ಮೊನ್ನೆ ಸಂತೆಯ ಹಾದಿಯಲ್ಲಿ ಹೊಸದಾಗಿ ಕುಟ್ಟಿದ ಖಾರದ ಘಾಟು ಮೂಗಿಗೆ ಹೊಡೆದಾಗ ಆ ಮಾತು ನೆನಪಾಯಿತು. ಕಾಲಿಗೆ ಬಿದ್ದದ್ದನ್ನು ಕಂಡವರು ಯಾರು? ವಿಚಾರಿಸುತ್ತಲೇ ಇದ್ದೇನೆ, ಈವರೆಗೆ ಸಿಕ್ಕವರೆಲ್ಲ ಇನ್ನೊಬ್ಬರ ಬಾಯಿಂದ ಕೇಳಿದವರೇ.

ಗಿರಣಿ ಅಕ್ಕ ನಮ್ಮ ನೆರೆಯವರಾಗಿದ್ದರು. ಗಂಡ ತೀರಿದ ಮೇಲೆ ಗಿರಣಿಯನ್ನು ತಾವೇ ನಡೆಸಿದರು. ಒಂದೇ ಕೋಣೆಯಲ್ಲಿ ಜೋಳ ಬೀಸುವ ಯಂತ್ರ, ಖಾರ ಕುಟ್ಟುವ ಯಂತ್ರ. ಒಮ್ಮೆ ಎರಡೂ ಕೂಡಿ ಓಡಿ, ಮುಶಿಗೇರಿಯ ಮದುವೆಮನೆಯೊಂದರ ರೊಟ್ಟಿಹಿಟ್ಟಿಗೆ ಖಾರದ ಧೂಳು ಬೆರೆತು, ಬೀಗರೆಲ್ಲ ಉಣ್ಣುತ್ತಲೇ ಕಣ್ಣೀರಿಟ್ಟರಂತೆ... ಆ ಜಗಳದ ಮರುದಿನವೇ ಅಕ್ಕ ಗೋಡೆಗೆ ಒಂದು ಸ್ವಿಚ್ಚಿನ ಹಿಡಿಕೆ ಕೂರಿಸಿದರು. ಮೇಲೆತ್ತಿದರೆ ಜೋಳ, ಕೆಳಗಿಳಿಸಿದರೆ ಖಾರ. ಎರಡಕ್ಕೂ ಒಮ್ಮೆಲೇ ವಿದ್ಯುತ್ತು ಹರಿಯುವಂತಿರಲಿಲ್ಲ.

ವಿದ್ಯುತ್ ಕಂಪನಿಯಿಂದ ತಪಾಸಣೆಗೆ ಬಂದವರು ಹಿಡಿಕೆಯನ್ನು ಗಮನಿಸಲಿಲ್ಲ. ಎರಡೂ ಮೋಟಾರುಗಳ ಶಕ್ತಿಯನ್ನು ಕೂಡಿಸಿ, ಮಂಜೂರಾದ ಮಿತಿ ಮೀರಿದೆಯೆಂದು ಬಿಲ್ಲಿನಲ್ಲಿ ದಂಡ ಹಾಕಿದರು. ಕಟ್ಟದಿದ್ದರೆ ಸಂಪರ್ಕ ಕಡಿತ. ಗಿರಣಿ ನಿಂತರೆ ಅಕ್ಕನಿಗೆ ಬೇರೆ ದುಡಿಮೆ ಇರಲಿಲ್ಲ.

ಸಾಲೆ ಬಿಟ್ಟ ಮೇಲೂ ಕಾಯ್ದೆಯ ಪುಸ್ತಕಗಳನ್ನು ಓದುವ ಹುಚ್ಚು ನನಗೆ ಹೋಗಿರಲಿಲ್ಲ. ವಿದ್ಯುತ್ ಗ್ರಾಹಕರ ಕುಂದುಕೊರತೆ ವೇದಿಕೆಗೆ ಅರ್ಜಿಯನ್ನು ನಾನೇ ಬರೆದೆ. ಕೊನೆಗೆ ‘ದಯವಿಟ್ಟು ಕ್ಷಮಿಸಬೇಕು’ ಎಂದು ಸೇರಿಸಿದ್ದೆ. ಓದಿ ಹೇಳಿದಾಗ ಅಕ್ಕ ಗದರಿದರು:

“ಅದನ್ನ ಹೊಡದ ಹಾಕ್ರಿ ಅಣ್ಣಾರ. ತಪ್ಪ ಮಾಡಿಲ್ಲ, ಕ್ಷಮಾ ಯಾಕ ಕೇಳ್ಲಿ? ಇಷ್ಟೆಲ್ಲಾ ಓದಿ ಇದನ್ನ ಕಲ್ತ್ರೇನು?”

ಹೊಡೆದು ಹಾಕಿದೆ.

ವೇದಿಕೆಯ ಸದಸ್ಯರೊಬ್ಬರು ಗಿರಣಿಗೇ ಬಂದರು. ಅಂದು ಖಾರ ಕುಟ್ಟುವುದು ನಡೆದಿತ್ತು. ಅಕ್ಕ ಬದಿಗೆ ಸರಿದು ಹಿಡಿಕೆ ತೋರಿಸಿದರು.

“ಎರಡೂ ಕೂಡೇ ಹಚ್ಚಿ ತೋರಸ್ರಿ ಸಾಹೇಬ್ರ. ಹತ್ತಿದ್ರ ನಾಳೇನ ದಂಡ ಕಟ್ತೀನಿ.”

ಮೇಲೆ, ಕೆಳಗೆ, ಮತ್ತೆ ಮೇಲೆ... ಒಂದು ಓಡಿದರೆ ಇನ್ನೊಂದು ನಿಲ್ಲುತ್ತಿತ್ತು. ಸಾಹೇಬರು ಸೀನತೊಡಗಿದರು.

“ಸಾಕ್ರೀ ಅಮ್ಮಾರ, ಹೊರಗ ಹೋಗೂಣು.”

“ಮೊದಲ ಬರಕೋರಿ, ಆಮ್ಯಾಲೆ ಸೀನ್ರಿ.”

ಅಕ್ಕ ತೀರಿ ಹಲವು ವರ್ಷಗಳಾದವು. ಗಿರಣಿಯ ಜಾಗದಲ್ಲಿ ಈಗ ಮೊಬೈಲ್ ಅಂಗಡಿಯಿದೆ. ಹಿಡಿಕೆ ಎಲ್ಲಿ ಹೋಯಿತೋ... ವೇದಿಕೆ ಅವರಿಗೆ ಕೊಟ್ಟಿದ್ದ ಆದೇಶದ ಪ್ರತಿಯೂ ಸಿಗಲಿಲ್ಲ. ಅರ್ಜಿ ಬರೆದವನ ಮಾತನ್ನಷ್ಟೇ ನಂಬಬೇಕೆಂದು ನಾನು ಕೇಳಲಾರೆ, ಬೇರೊಬ್ಬರು ಹೀಗೆ ಹೇಳಿದ್ದರೆ ನಾನೂ ನಂಬುತ್ತಿರಲಿಲ್ಲ. ಆದ್ದರಿಂದ ವೇದಿಕೆಯ ಕಚೇರಿಯಿಂದ ದೃಢೀಕೃತ ಪ್ರತಿ ತರಿಸಿಕೊಂಡೆ. ಯಾರು ಬೇಕಾದರೂ ತರಿಸಿ ನೋಡಬಹುದು. ಮೂರನೆಯ ಪುಟದಲ್ಲಿ ಹೀಗಿದೆ: ‘ಎರಡು ಯಂತ್ರಗಳು ಏಕಕಾಲಕ್ಕೆ ಚಲಿಸಲಾರವೆಂಬುದನ್ನು ಸ್ವತಃ ಪರೀಕ್ಷಿಸಿ ಕಂಡಿದ್ದೇನೆ. ಅರ್ಜಿದಾರರಿಂದ ತಪ್ಪಾಗಿಲ್ಲ. ದಂಡವನ್ನು ರದ್ದುಪಡಿಸಲಾಗಿದೆ.’