ವೈನಿಯ ಬಾಯಿ, ಯಾರದೋ ದನಿ

ನನಗೊಂದು ಕೆಟ್ಟ ಚಟ. ಟಿ.ವಿ.ಯಲ್ಲಿ ನಾಯಕನನ್ನು ನೋಡುವುದಿಲ್ಲ. ಅವನಿಗೆ ಚಹಾ ತಂದುಕೊಡುವವನನ್ನು, ಕುದುರೆ ಹಿಡಿದು ನಿಂತವನನ್ನು ನೋಡುತ್ತೇನೆ. ಬೀದರದಿಂದ ಔರಾದಕ್ಕೆ ದಿನಾ ಬಸ್ಸಿನಲ್ಲಿ ಓಡಾಡುವ ನನಗೆ ಫೋನಿನಲ್ಲಿ ಅಮೆರಿಕದ ಹಳೆಯ ಕಪ್ಪು-ಬಿಳುಪು ಧಾರಾವಾಹಿಗಳು ಸಿಕ್ಕ ಮೇಲಂತೂ ಚಟ ಹೆಚ್ಚಿದೆ. ಅವುಗಳಲ್ಲೊಬ್ಬ ಗಿಡ್ಡ ನಟ ಬರುತ್ತಾನೆ. ಒಂದರಲ್ಲಿ ಮೆಕ್ಸಿಕೋದ ಕುದುರೆಗಾರ, ಇನ್ನೊಂದರಲ್ಲಿ ಅರಬ್ ವ್ಯಾಪಾರಿ, ಮತ್ತೊಂದರಲ್ಲಿ ರುಮಾಲು ಸುತ್ತಿದ ಹಿಂದೂಸ್ತಾನದ ಜ್ಯೋತಿಷಿ. ಮೀಸೆ ಬದಲಾಗುತ್ತದೆ, ಮುರುಕು ಇಂಗ್ಲಿಷು ಮಾತ್ರ ಅದೇ. ಆ ಟಿ.ವಿ.ಯವರಿಗೆ ಪರದೇಶದವರೆಲ್ಲ ಒಂದೇ ಊರಿನವರು! ಪಾಪ, ಜೀವಮಾನವೆಲ್ಲ ನಟಿಸಿಯೂ ತನ್ನ ಸ್ವಂತ ದನಿಯಲ್ಲಿ ಒಂದು ಮಾತಾಡದೇ ಹೋದನೋ ಏನೋ ಎಂದು ನೆನೆದು ನಾನು ಹಲ್ಲು ಕಡಿಯುತ್ತೇನೆ. ಪಕ್ಕದ ಸೀಟಿನವರು ನನ್ನ ಮುಖ ನೋಡಿ ಸ್ವಲ್ಪ ಸರಿದು ಕೂರುತ್ತಾರೆ.

ಅವರಿಗೇನು ಗೊತ್ತು? ಈ ಸಿಟ್ಟಿನ ಬೇರು ಅಮೆರಿಕದಲ್ಲಿಲ್ಲ, ಭಾಲ್ಕಿಯಲ್ಲಿದೆ. ಅಲ್ಲಿ ನನ್ನ ಅಣ್ಣನ ಹೆಂಡತಿ ಸುಶೀಲಾ ವೈನಿ ಇದ್ದಾರೆ. ನರ್ಸ್ ಆಗಿ ನಿವೃತ್ತರಾದವರು. ವಾರ್ಡಿನ ಈ ತುದಿಯಿಂದ ಅವರು ಗದರಿದರೆ ಆ ತುದಿಯ ರೋಗಿ ಎದ್ದು ಕೂತು ಗುಳಿಗೆ ನುಂಗುತ್ತಿದ್ದನಂತೆ. ಜಯಂತಿ ಬಂತೆಂದರೆ ಬೌದ್ಧ ವಿಹಾರದ ಅಂಗಳದಲ್ಲಿ ಓಣಿಯವರು ಆಡುವ ನಾಟಕಕ್ಕೆ ವೈನಿಯ ಪಾರ್ಟು ಬೇಕೇ ಬೇಕು. ಮೈಕು ಕೆಟ್ಟರೂ ಅವರೊಬ್ಬರ ಮಾತು ಕೊನೆಯ ಸಾಲಿಗೆ ಕೇಳುತ್ತಿತ್ತು.

ಇಂಥ ವೈನಿ ಟಿ.ವಿ.ಯವರ ಕಣ್ಣಿಗೆ ಬಿದ್ದರು. ಧಾರಾವಾಹಿಯೊಂದರ ತಂಡ ಬೀದರಕ್ಕೆ ಬಂದಿತ್ತು. ನಾಯಕಿಯ ನೆರೆಮನೆಯ ದೊಡ್ಡಮ್ಮನ ಪಾತ್ರಕ್ಕೆ ಸ್ಥಳೀಯರೊಬ್ಬರು ಬೇಕಿತ್ತು. ಕೋಟೆಯ ಹತ್ತಿರ ಶೂಟಿಂಗು. ನಾನೂ ಹೋಗಿದ್ದೆ. ಅಳುವ ನಾಯಕಿಯ ತಲೆ ಸವರಿ ವೈನಿ, "ಯಾಕ ಅಳ್ತಿ ಬೇಟಾ? ನಾ ಇದ್ದೀನಿ ಅಲಾ" ಎಂದರು. ಅಷ್ಟೇ. ಲೈಟು ಹಿಡಿದವನ ಕಣ್ಣೂ ಒದ್ದೆಯಾಯಿತು. ನಿರ್ದೇಶಕರು ಚಪ್ಪಾಳೆ ತಟ್ಟಿದರು.

ಪ್ರಸಾರವಾಗುವ ಸಂಜೆ ಭಾಲ್ಕಿಯ ಮನೆಯಲ್ಲಿ ಕೂರಲು ಜಾಗವಿರಲಿಲ್ಲ. ವೈನಿ ಹೊಸ ಸೀರೆ ಉಟ್ಟಿದ್ದರು. ಪರದೆಯ ಮೇಲೆ ಅವರ ಮುಖ ಬಂತು, ಎಲ್ಲರೂ ಕೂಗಿದೆವು. ಬಾಯಿ ತೆರೆಯಿತು. ಒಳಗಿಂದ ಬಂದದ್ದು ಯಾವುದೋ ಎಳಸು ದನಿ: "ಯಾಕವ್ವಾ ಯವ್ವಾ, ಅಳಬ್ಯಾಡ ನನ್ನವ್ವಾ!" ಮಾತಿಗೊಂದು ಯವ್ವಾ, ಊಟಕ್ಕೆ ಉಪ್ಪಿನಕಾಯಿ ಬಡಿಸಿದ ಹಾಗೆ. ಕಣ್ಣು ಮಂಜಾದ ನಮ್ಮ ತಾಯಿಯೇ ಮೊದಲು ಕೇಳಿದರು: "ಇದು ನಮ್ಮ ಸುಶೀಲಾನ ದನಿ ಅಲ್ಲ. ಅಕಿ ಬಾಯಾಗ ಯಾರ ಹೊಕ್ಕಾರ?"

ವೈನಿ ಎದ್ದು ಚಹಾ ಮಾಡಲು ಹೋದರು. ಆ ವಾರವೆಲ್ಲ ದನಿ ಎತ್ತಲಿಲ್ಲ. ಹಾಲಿನವನನ್ನು ಕೂಡ ಮೆಲ್ಲಗೆ ಕರೆದರು. ನನಗೆ ಅದನ್ನು ಸಹಿಸಲಾಗಲಿಲ್ಲ.

ಪಾತ್ರ ಗೊತ್ತುಮಾಡಿದ್ದ ಮ್ಯಾನೇಜರನಿಗೆ ಫೋನು ಹಚ್ಚಿದೆ. ಅವನು ತಣ್ಣಗೆ ಹೇಳಿದ: "ಸರ್, ಬೀದರ್ ಭಾಷೆ ಜನಕ್ಕೆ ಅರ್ಥ ಆಗಲ್ಲ. ಅದಕ್ಕೇ ಪ್ಯೂರ್ ಉತ್ತರ ಕರ್ನಾಟಕ ಡಬ್ ಮಾಡಿಸಿದ್ವಿ."

ಪ್ಯೂರ್ ಉತ್ತರ! ನಕಾಶೆ ಬಿಚ್ಚಿ ನೋಡಪ್ಪಾ, ನಮ್ಮ ಔರಾದಕ್ಕಿಂತ ಉತ್ತರಕ್ಕೆ ಕರ್ನಾಟಕವೇ ಇಲ್ಲ ಎಂದು ಕಿರುಚಿದೆ. ಆತ ಅಷ್ಟರಲ್ಲಿ ಫೋನು ಇಟ್ಟಾಗಿತ್ತು. ನನ್ನ ಜೀವನದ ಅತ್ಯುತ್ತಮ ಮಾತುಗಳನ್ನು ನಾನು ಯಾವಾಗಲೂ ಸತ್ತ ಫೋನಿಗೇ ಹೇಳಿದ್ದೇನೆ.

ಕೆಲವು ದಿನಗಳ ಮೇಲೆ ಧಾರಾವಾಹಿಯವರೇ ವೈನಿಯನ್ನು ಮತ್ತೆ ಕರೆದರು. ಈ ಸಲ ಬೀದರದ ಪಕ್ಕದ ಅಷ್ಟೂರಿನ ಗುಂಬಜಗಳ ಹತ್ತಿರ. ವೈನಿ ಹೊರಟು ನಿಂತಾಗ ನನಗೆ ಅವರ ಮೇಲೂ ಸಿಟ್ಟು ಬಂತು. ಆದರೂ ಜೊತೆಗೆ ಹೋದೆ. ಮೇಕಪ್ಪಿನವಳು ಪೌಡರು ಹಚ್ಚುವ ಮೊದಲೇ ವೈನಿ ನಿರ್ದೇಶಕರನ್ನು ಕೇಳಿದರು:

"ಈ ಸಲ ದನಿ ಯಾರ್ದು ಸಾಹೇಬ್ರ?"

"ಅದೆಲ್ಲ ಬೆಂಗಳೂರಲ್ಲಿ ನೋಡ್ಕೋತೀವಿ ಅಮ್ಮ. ನೀವು ಬಾಯಿ ಆಡಿಸಿ, ಸಾಕು."

"ಹಂಗಾದ್ರ ದನಿ ಕೊಟ್ಟಕಿನ್ನೇ ಕರಸ್ರಿ. ಬಾಯಿನೂ ಅಕೀನೇ ಆಡಸ್ತಾಳ."

ಇಷ್ಟು ಹೇಳಿ ವೈನಿ ನಡೆದೇಬಿಟ್ಟರು. ಮರಳುವಾಗ ಬಸ್ಸಿನಲ್ಲಿ ಅವರು ಚಿಲ್ಲರೆ ವಿಷಯಕ್ಕೆ ಕಂಡಕ್ಟರನಿಗೆ ಜೋರು ಮಾಡಿದಾಗ ಹಿಂದಿನ ಸೀಟಿನಲ್ಲಿ ಮಲಗಿದ್ದವರೆಲ್ಲ ಎದ್ದರು. ನಾನು ಖುಷಿಯಿಂದ ಟಿಕೆಟ್ಟಿಗೆ ಸರಿಯಾದ ಚಿಲ್ಲರೆ ಕೊಟ್ಟೆ.

ಧಾರಾವಾಹಿಯವರು ಸುಮ್ಮನಿರುತ್ತಾರೆಯೇ? ದೊಡ್ಡಮ್ಮನನ್ನು ಕೊಂದರು. ಮುಂದೊಂದು ಸಂಜೆ ಟಿ.ವಿ. ಹಚ್ಚಿದರೆ ಗೋಡೆಯ ಮೇಲೆ ವೈನಿಯ ಫೋಟೋ, ಅದಕ್ಕೆ ಹೂವಿನ ಹಾರ, ಕೆಳಗೆ ಊದಿನಕಡ್ಡಿ! "ಜೀವಂತ ಇದ್ದಕಿಗಿ ಹಾರ ಹಾಕ್ಯಾರ, ಅವರ ಮನಿ ಹಾಳಾಗ!" ಎಂದು, ವಿಷಯ ಕೇಳಿ ತಿಳಿದ ತಾಯಿ ನೆಲಕ್ಕೆ ಕೈ ಬಡಿದರು. ನಾನು ಆಗಲೇ ಫೋನು ಎತ್ತಿಕೊಂಡಿದ್ದೆ. ಅಣ್ಣ ರಿಮೋಟು ಹುಡುಕುತ್ತಿದ್ದ.

"ತಡೀರಿ, ಬಂದ್ ಮಾಡಬ್ಯಾಡ್ರಿ" ಎಂದರು ವೈನಿ. ಕನ್ನಡಕ ಏರಿಸಿ, ಸಮೀಪ ಹೋಗಿ ಫೋಟೋವನ್ನೇ ನೋಡಿದರು. "ಛಲೋ ಬಂದದ ಅಲಾ? ಇದ್ರಾಗ ಯಾರ್ ದನಿನೂ ಇಲ್ಲ. ಪೂರಾ ನಾನೇ ಇದ್ದೀನಿ."

ತಾಯಿ ಮೊದಲು ನಕ್ಕರು, ಆಮೇಲೆ ಎಲ್ಲರೂ. ನಾನೂ ನಕ್ಕೆ, ಆದರೆ ಸಿಟ್ಟನ್ನು ಬಿಟ್ಟುಕೊಡಲಿಲ್ಲ. ಮರೆತುಬಿಡು, ಟಿ.ವಿ.ಯವರ ಹಣೆಬರಹವೇ ಅಷ್ಟು ಎಂದು ತಿಳಿದವರು ಬುದ್ಧಿ ಹೇಳುತ್ತಾರೆ. ಇರಬಹುದು. ಆದರೆ ಈ ವಯಸ್ಸಿನಲ್ಲಿ ನನ್ನದೇ ಎನ್ನುವಂಥ ವಸ್ತುಗಳು ಕಡಿಮೆ. ಇಷ್ಟು ಶುದ್ಧವಾದ, ಯಾರೂ ಡಬ್ ಮಾಡದ ಸಿಟ್ಟು ಮತ್ತೆಲ್ಲಿ ಸಿಗುತ್ತದೆ ಹೇಳಿ?