ಉಸಿರಿಗೊಂದು ಜಾಗ

ಬೀದಿ ಇನ್ನೂ ಕಣ್ಣು ಬಿಟ್ಟಿಲ್ಲ. ಟೈಲರ್ ಅಂಗಡಿಯ ಮೇಲಿನ ಕೋಣೆಯಲ್ಲಿ ಮೇಷ್ಟ್ರು ಹಾರ್ಮೋನಿಯಂ ಮುಂದೆ ಕೂತಿದ್ದಾರೆ. ಹೊರಗಿನ ಸದ್ದು ಒಳಗೆ ಬರದಿರಲೆಂದು ಕಿಟಕಿಗೆ ಹಳೆಯ ಹಾಸಿಗೆಯೊಂದನ್ನು ಒತ್ತಿ ನಿಲ್ಲಿಸಿ, ಅದು ಬೀಳದಂತೆ ಕುರ್ಚಿಯ ಆಸರೆ ಕೊಟ್ಟಿದ್ದಾರೆ. ಎದುರಿನ ಸ್ಟೂಲಿನ ಮೇಲೆ ಅವರ ಹೆಂಡತಿ. ಕೆಳಗಿನ ಅಂಗಡಿಯವರಿಂದ ಹಿಡಿದು ಹಾಲು ಹಾಕುವವರ ತನಕ ಎಲ್ಲರಿಗೂ ಅವರು ‘ಅಕ್ಕ’. ಅಕ್ಕನ ಕತ್ತಿನ ಬುಡದಲ್ಲಿ ತೆಳ್ಳನೆಯ ಬಿಳಿ ಹತ್ತಿಬಟ್ಟೆಯ ತುಂಡೊಂದಿದೆ, ಹಿಂದಕ್ಕೆ ದಾರ ಕಟ್ಟಿದ್ದಾರೆ.

ಮೇಷ್ಟ್ರು ಒಂದು ಸಾಲು ನುಡಿಸುತ್ತಾರೆ. ಅಕ್ಕ ಹಾಡುತ್ತಾರೆ, ಆದರೆ ದನಿ ಬರುವುದಿಲ್ಲ. ಬಾಯಿ ತೆರೆದು, ಹುಬ್ಬೇರಿಸಿ, ತುಂಬಿದ ಸಭೆಯ ಮುಂದೆ ನಿಂತವರಂತೆಯೇ ಹಾಡುತ್ತಾರೆ. ನನಗೆ ಕೇಳಿಸುವುದು ಹಾರ್ಮೋನಿಯಂ ತಿದಿಯ ಸದ್ದು ಮಾತ್ರ. ಮೇಷ್ಟ್ರ ಕಣ್ಣು ಹೆಂಡತಿಯ ಮುಖದ ಮೇಲಿಲ್ಲ, ಕತ್ತಿನ ಬಟ್ಟೆಯ ಮೇಲಿದೆ. ಸಾಲು ಮುಗಿಯುವ ಮೊದಲೇ ಬಟ್ಟೆ ಸರಕ್ಕನೆ ಒಳಕ್ಕೆ ಎಳೆದುಕೊಳ್ಳುತ್ತದೆ. ಮೇಷ್ಟ್ರು ಕೈ ನಿಲ್ಲಿಸುತ್ತಾರೆ.

“ಇಲ್ಲಿ ಇವಳಿಗೆ ಉಸಿರು ಸಾಲ್ಲಿಲ್ಲ ನೋಡಿ. ಇವಳಿಗೆ ಸಾಲ್ದಿದ್ರೆ ಯಾರಿಗೂ ಸಾಲಲ್ಲ. ಸಾಲು ಉದ್ದ ಆಯ್ತು, ಕತ್ತರಿಸ್ಬೇಕು” ಅನ್ನುತ್ತಾರೆ. ಅಕ್ಕ ತಲೆಯಾಡಿಸಿ, ಎರಡು ಬೆರಳಿನಲ್ಲಿ ಕತ್ತರಿ ಆಡಿಸಿ ತೋರಿಸುತ್ತಾರೆ. ಎಲ್ಲಿ ಕತ್ತರಿಸಬೇಕು ಎಂಬುದನ್ನೂ ಅವರೇ ತೋರಿಸುತ್ತಾರೆ.

ಹೀಗೆ ನಡೆಯುತ್ತದೆ ಇವರ ಕಸುಬು. ಅದೂ ಬೆಳಗಿನ ಜಾವದಲ್ಲೇ ನಡೆಯಬೇಕು. “ಕೆಳಗೆ ಹೊಲಿಗೆ ಮಷೀನು ಶುರು ಆದ್ರೆ ನನ್ನ ಹಾರ್ಮೋನಿಯಂ ಯಾವ್ದು, ಅವ್ರ ಮಷೀನು ಯಾವ್ದು ಅಂತ ನಂಗೇ ಗೊತ್ತಾಗಲ್ಲ” ಎಂದು ನಗುತ್ತಾರೆ ಮೇಷ್ಟ್ರು. ಈಗ ಕೈಯಲ್ಲಿರುವುದು ಧಾರಾವಾಹಿಯೊಂದರ ಶೀರ್ಷಿಕೆ ಗೀತೆ. ಜೊತೆಗೆ ಅದರ ಹಿನ್ನೆಲೆ ಸಂಗೀತವೂ ಇವರದ್ದೇ. ಪರದೆಯ ಮೇಲೆ ಬರುವ ಹೆಸರು ಮಾತ್ರ ಬೇರೆಯವರದ್ದು. “ಸೊಸೆ ಅತ್ರೆ ಒಂದು ಟ್ಯೂನು, ಅತ್ತೆ ಅತ್ರೆ ಇನ್ನೊಂದು. ಇಬ್ರೂ ಒಟ್ಟಿಗೆ ಅತ್ರೆ ನಂಗೆ ರಜಾ. ಆ ಗಲಾಟೇಲಿ ನಂದೆಲ್ಲಿ ಕೇಳ್ಸುತ್ತೆ!”

ಒಂದು ಕಾಲದಲ್ಲಿ ಪರದೆಯ ಮೇಲೆ ಇವರ ಹೆಸರೇ ಬರುತ್ತಿತ್ತು. ಬೆರಳೆಣಿಕೆಯ ಸಿನಿಮಾಗಳು. ಅವುಗಳಲ್ಲಿ ಎರಡು ಮೂರು ಹಾಡುಗಳನ್ನು ನೀವು ಬಸ್ಸಿನಲ್ಲಿ, ಕ್ಷೌರದ ಅಂಗಡಿಯಲ್ಲಿ, ಯಾರದೋ ಫೋನು ಬಡಿದುಕೊಳ್ಳುವಾಗ ಕೇಳಿಯೇ ಇರುತ್ತೀರಿ. ಹಾಡಿದವರು ಯಾರೆಂದು ಥಟ್ಟನೆ ಹೇಳುತ್ತೀರಿ. ಸ್ವರ ಹಾಕಿದವರು ಯಾರೆಂದು ಕೇಳಿದರೆ ತಲೆ ಕೆರೆದುಕೊಳ್ಳುತ್ತೀರಿ. ನಿಮ್ಮನ್ನು ದೂರಿ ಏನು ಪ್ರಯೋಜನ? ನಮ್ಮ ಪತ್ರಿಕೆಯ ಹಳೆಯ ಸಂಚಿಕೆಗಳನ್ನೆಲ್ಲ ತೆಗೆದು ನೋಡಿದೆ. ನಾಯಕಿಯ ನಾಯಿಮರಿಯ ಬಗ್ಗೆ ಅರ್ಧ ಪುಟ ಇದೆ, ಈ ಮನುಷ್ಯನ ಬಗ್ಗೆ ಅರ್ಧ ಸಾಲೂ ಇಲ್ಲ.

ನಾನು ಇವರನ್ನು ಹುಡುಕಿಕೊಂಡು ಬಂದಿರುವ ದಿನ ಇವರ ಪಾಲಿಗೆ ಸಾಮಾನ್ಯ ದಿನವಲ್ಲ. ಮೇಷ್ಟ್ರು ಇಸ್ತ್ರಿ ಅಂಗಿ ತೆಗೆದಿಟ್ಟಿದ್ದಾರೆ. ಅವರ ಹಳೆಯ ಹಾಡುಗಳ ಹಕ್ಕು ಪಡೆದಿರುವ ಕಂಪನಿಗೆ ಹೋಗಿ ಒಂದು ಮಾತು ಕೇಳಿಕೊಳ್ಳುವುದಿದೆ. ಕಂಪನಿಯವರು ಆ ಹಾಡುಗಳನ್ನು ಹೊಸದಾಗಿ ಹೊಳಪು ಕೊಟ್ಟು ಬಿಡುಗಡೆ ಮಾಡುತ್ತಿದ್ದಾರೆ. ಅವುಗಳಲ್ಲಿ ಒಂದು ಹಾಡಿನ ಕೊನೆಯ ಚರಣಕ್ಕೆ ಮುಂಚೆ ಒಂದು ಪುಟ್ಟ ಗುನುಗು ಇದೆ. “ಅದೊಂದನ್ನ ಇದ್ದ ಹಾಗೇ ಬಿಟ್ಬಿಡಿ ಅಂತ ಕೇಳ್ಬೇಕು. ಇನ್ನೇನೂ ಬೇಡ” ಅನ್ನುತ್ತಾರೆ. ಆ ಗುನುಗಿನಲ್ಲಿ ಅಕ್ಕನ ದನಿ ಇದೆ. ಇಡೀ ಲೋಕದಲ್ಲಿ ಅಕ್ಕನ ದನಿ ಗುರುತು ಸಿಗುವಂತೆ ಉಳಿದಿರುವುದು ಅಲ್ಲೊಂದೇ ಕಡೆ.

ಅದು ಹೇಗೆ ಎಂದು ತಿಳಿಯಬೇಕಾದರೆ ‘ಟ್ರ್ಯಾಕ್’ ಹಾಡುವವರ ಪಾಡು ಏನೆಂದು ತಿಳಿಯಬೇಕು. ಹೆಸರಾಂತ ಗಾಯಕಿಗೆ ಬಿಡುವಿರುವುದಿಲ್ಲ. ಹಾಗಾಗಿ ಹಾಡನ್ನು ಮೊದಲು ಇನ್ಯಾರೋ ಹಾಡಿಡುತ್ತಾರೆ. ವಾದ್ಯದವರು ಆ ದನಿಗೆ ಹೊಂದಿಸಿಕೊಂಡು ನುಡಿಸುತ್ತಾರೆ. ಆಮೇಲೆ ಗಾಯಕಿ ಬಂದು, ಅದನ್ನು ಕೇಳಿ ಕಲಿತು, ತಮ್ಮ ದನಿ ಕೊಟ್ಟು ಹೋಗುತ್ತಾರೆ. ಮೊದಲು ಹಾಡಿದ ದನಿಯನ್ನು ಅಳಿಸಿಬಿಡುತ್ತಾರೆ. ಕಟ್ಟಡ ಎದ್ದ ಮೇಲೆ ಸಾರುವೆ ಬಿಚ್ಚುವ ಹಾಗೆ. ಮೇಷ್ಟ್ರ ಎಲ್ಲ ಹಾಡುಗಳಿಗೂ ಟ್ರ್ಯಾಕ್ ಹಾಡಿದವರು ಅಕ್ಕ.

ಇವರಿಬ್ಬರ ಗಂಟು ಬಿದ್ದದ್ದೂ ರೆಕಾರ್ಡಿಂಗ್ ಕೋಣೆಯಲ್ಲೇ. ಮೇಷ್ಟ್ರು ಆಗ ಹಿರಿಯ ಸಂಗೀತ ನಿರ್ದೇಶಕರೊಬ್ಬರ ಬಳಿ ಹಾರ್ಮೋನಿಯಂ ಹಿಡಿದಿದ್ದರು, ಅಕ್ಕ ಕೋರಸ್ಸಿನ ಹಿಂದಿನ ಸಾಲಿನಲ್ಲಿದ್ದರು. “ಕೋರಸ್‌ನಲ್ಲಿ ಯಾರದ್ದೋ ದನಿ ಎದ್ದು ಕೇಳ್ತಿದೆ, ಹೋಗಿ ತಗ್ಗಿಸು ಅಂದ್ರು ನಮ್ಮ ಗುರುಗಳು. ತಗ್ಗಿಸೋಕೆ ಅಂತ ಹೋದವನು ಮನೆಗೇ ಕರ್ಕೊಂಡು ಬಂದೆ” ಅನ್ನುತ್ತಾರೆ ಮೇಷ್ಟ್ರು. ಅಕ್ಕ ಈ ಮಾತನ್ನು ಎಷ್ಟು ಸಲ ಕೇಳಿದ್ದಾರೋ, ಕಣ್ಣು ಮೇಲಕ್ಕೆತ್ತಿ ಚಾವಣಿ ನೋಡುತ್ತಾರೆ.

ಇನ್ನು ಆ ಗುನುಗಿನ ಕಥೆ. ಅಂದು ಹೆಸರಾಂತ ಗಾಯಕಿ ಅವಸರದಲ್ಲಿ ಬಂದರು, ಹಾಡಿದರು, ಹೋದರು. ಹಾಡನ್ನೆಲ್ಲ ಕೂಡಿಸುವಾಗ ಅಕ್ಕನ ಟ್ರ್ಯಾಕನ್ನು ಪೂರ್ತಿ ಮುಚ್ಚಬೇಕಿತ್ತು. ಗುನುಗಿನ ಜಾಗದಲ್ಲಿ ಅದು ತೆರೆದೇ ಉಳಿಯಿತು. ಗಾಯಕಿಯ ದನಿಯ ಕೆಳಗೆ ಅಕ್ಕನ ದನಿಯೂ ಸೇರಿಕೊಂಡಿತು. ಮೇಷ್ಟ್ರು ಅದನ್ನು ಮತ್ತೆ ಮತ್ತೆ ಕೇಳಿ, ಸರಿಯಿದೆ ಅಂದರು.

“ಬೇಕಂತ ಬಿಟ್ಟೆ ಅಂತ ಈಗ್ಲೂ ಹೇಳೋರಿದ್ದಾರೆ. ಖಂಡಿತ ಇಲ್ಲ ಸರ್. ಬೆಳಗ್ಗೆ ಎದ್ರೆ ಇವಳ ದನಿ, ಅಡುಗೆಮನೇಲಿ ಇವಳ ದನಿ, ಪ್ರತಿ ಟ್ಯೂನು ಹುಟ್ಟೋದೇ ಇವಳ ದನೀಲಿ. ಅದು ಹಾಡಲ್ಲಿ ಎಕ್ಸ್‌ಟ್ರಾ ಇದೆ ಅಂತ ನನ್ನ ಕಿವಿಗೆ ಹೊಳೀಲೇ ಇಲ್ಲ. ಇಲ್ದಿದ್ರೆ ಏನೋ ಕಮ್ಮಿ ಅನ್ನಿಸ್ತಿತ್ತೇನೋ.”

ಬೇರೆ ಯಾವ ಸಂಗೀತ ನಿರ್ದೇಶಕರೂ ಈ ತಪ್ಪು ಮಾಡುತ್ತಿರಲಿಲ್ಲ. ಬೇರೆಯವರ ಕಿವಿಗೆ ಅದು ಹೊರಗಿನ ದನಿ. ಗಾಯಕಿಯ ಕಿವಿಗೂ ಅದು ಹೊರಗಿನ ದನಿಯೇ. ಹಾಡು ರೇಡಿಯೊದಲ್ಲಿ ಬಂದ ದಿನ ಅವರು ಕೆಂಡವಾದರು. ನನ್ನ ಹಾಡಿನಲ್ಲಿ ಇನ್ನೊಬ್ಬಳ ದನಿಯೇ, ಇನ್ನು ಈತನ ಸಂಗೀತಕ್ಕೆ ಹಾಡುವುದಿಲ್ಲ ಅಂದರು. ಗಾಯಕಿ ಬೇಕೋ ಮೇಷ್ಟ್ರು ಬೇಕೋ ಎಂಬ ಪ್ರಶ್ನೆ ಬಂದಾಗ ನಿರ್ಮಾಪಕರು ಯಾರ ಕಡೆ ವಾಲಿದರೆಂದು ಬಿಡಿಸಿ ಹೇಳಬೇಕಿಲ್ಲ. ಅಲ್ಲಿಗೆ ಮೇಷ್ಟ್ರ ಸಿನಿಮಾ ಬದುಕಿಗೆ ತೆರೆ ಬಿತ್ತು. ಅಲ್ಲಿಂದ ಈಚೆಗೆ ಸೋಪಿನ ಜಾಹೀರಾತು, ಬೇರೆಯವರ ಹೆಸರಿನ ಹಿನ್ನೆಲೆ ಸಂಗೀತ, ಧಾರಾವಾಹಿಯ ಅಳು.

ಆಮೇಲೆ ಅಕ್ಕನ ಗಂಟಲಲ್ಲಿ ಗಡ್ಡೆ ಕಾಣಿಸಿಕೊಂಡಿತು. ವೈದ್ಯರು ಜೀವ ಉಳಿಸಿದರು, ಧ್ವನಿಪೆಟ್ಟಿಗೆ ತೆಗೆದರು. ಈಗ ಅಕ್ಕ ಉಸಿರಾಡುವುದು ಕತ್ತಿನ ರಂಧ್ರದಿಂದ. ಬಾಯಿಂದ ಗಾಳಿ ಹೊರಡುವುದಿಲ್ಲವಾದ್ದರಿಂದ ಬಿಸಿ ಚಹಾ ಊದಿ ಆರಿಸಿಕೊಳ್ಳಲೂ ಆಗುವುದಿಲ್ಲ. ಮೇಷ್ಟ್ರು ಲೋಟದಿಂದ ಲೋಟಕ್ಕೆ ಸುರಿದು ಆರಿಸಿ ಕೊಡುತ್ತಾರೆ. ಅದನ್ನು ನೋಡುತ್ತಾ ಕೂತ ನಾನು ನನ್ನ ಲೋಟವನ್ನು ಊದದೆ ಕೆಳಗಿಡುತ್ತೇನೆ.

“ಆಪರೇಷನ್‌ಗೆ ಮುಂಚೆ ಒಂದು ರೆಕಾರ್ಡ್ ಮಾಡಿಟ್ಕೋಬಹುದಿತ್ತಲ್ಲ?” ಎಂದು ಕೇಳಿ, ಕೇಳಬಾರದಿತ್ತು ಅಂದುಕೊಳ್ಳುತ್ತೇನೆ.

“ಅಷ್ಟೊತ್ತಿಗಾಗ್ಲೇ ದನಿ ಒಡೆದು ಹೋಗಿತ್ತು. ಇವಳು ಬೇಡ ಅಂದ್ಲು. ಒಡೆದ ದನಿ ಇಟ್ಕೊಂಡು ಏನ್ಮಾಡ್ತೀರಿ, ಆ ಹಾಡಲ್ಲಿದೆಯಲ್ಲ, ಸಾಕು ಅಂದ್ಲು” ಎಂದು ಮೇಷ್ಟ್ರು ಹಾರ್ಮೋನಿಯಂಗೆ ಬಟ್ಟೆ ಮುಚ್ಚುತ್ತಾರೆ.

ಆದರೆ ಆ ಹಾಡೂ ಇವರ ಕೈಯಲ್ಲಿಲ್ಲ. ಮನೆಯಲ್ಲಿದ್ದ ಕ್ಯಾಸೆಟ್ ಬೂಷ್ಟು ಹಿಡಿದು ಕೆಟ್ಟಿದೆ. ರೇಡಿಯೊದಲ್ಲಿ ಬಂದದ್ದು ಪೂರ್ತಿ ಹಾಡು. ಸಿನಿಮಾದಲ್ಲಿ ಮಾತ್ರ, ಉದ್ದವಾಯಿತೆಂದು ಅಂದೇ ಗುನುಗನ್ನೂ ಕೊನೆಯ ಚರಣವನ್ನೂ ಕತ್ತರಿಸಿದ್ದರು, ಈಗ ಫೋನಿನಲ್ಲಿ ಸಿಗುವುದೆಲ್ಲ ಆ ಮೊಟಕು ಹಾಡೇ. ಪೂರ್ತಿ ಹಾಡು ಇರುವುದು ಕಂಪನಿಯ ಮೂಲ ಟೇಪಿನಲ್ಲಿ ಮಾತ್ರ.

ಮೇಷ್ಟ್ರ ಜೊತೆ ನಾನೂ ಹೊರಡುತ್ತೇನೆ. ಅಕ್ಕ ಬಾಗಿಲವರೆಗೆ ಬಂದು ಗಂಡನ ಕಾಲರ್ ಸರಿಮಾಡಿ, ಏನೋ ತುಟಿ ಆಡಿಸುತ್ತಾರೆ. “ಜಗಳ ಆಡ್ಬೇಡಿ ಅಂತಿದ್ದಾಳೆ. ನಾನ್ಯಾವಾಗ ಜಗಳ ಆಡಿದ್ದೀನಿ?” ಅನ್ನುತ್ತಾರೆ ಮೇಷ್ಟ್ರು. ಆಡಿದ್ದರೆ ಚೆನ್ನಾಗಿರುತ್ತಿತ್ತು ಅನ್ನಿಸುತ್ತದೆ ನನಗೆ.

ಕಂಪನಿಯ ಮ್ಯಾನೇಜರ್ ಒಳ್ಳೆಯ ಮನುಷ್ಯ, ಎದ್ದು ಕುರ್ಚಿ ಕೊಡುತ್ತಾರೆ. ಮೇಷ್ಟ್ರು ಹೇಳುವುದನ್ನೆಲ್ಲ ಕೇಳುತ್ತಾರೆ. ಕೇಳಿ, ಮುಖ ಸಣ್ಣಗೆ ಮಾಡಿಕೊಂಡು ಹೇಳುತ್ತಾರೆ:

“ಮೇಷ್ಟ್ರೇ, ನೀವು ಸ್ವಲ್ಪ ಮುಂಚೆ ಬರ್ಬೇಕಿತ್ತು. ಹಾಡು ಹೋದ ವಾರನೇ ಕ್ಲೀನ್ ಆಗಿ ಮುಗೀತು. ಅದೂ ಅಲ್ದೆ, ಈ ಸಂಪುಟ ಬರ್ತಿರೋದೇ ಗಾಯಕಿಯವರ ಹೆಸರಲ್ಲಿ. ಅದ್ರಲ್ಲಿ ಇನ್ನೊಂದು ದನಿ ಇಡೋಕಾಗಲ್ಲ, ಅವ್ರ ಮನೆಯವ್ರು ಒಪ್ಪಲ್ಲ.”

“ಹಳೇದರದ್ದು ಒಂದು ಕಾಪಿ?”

“ಹಾಡು ಹೊರಗೆ ಕೊಡೋ ಹಾಗಿಲ್ಲ. ಯಾರಿಗೂ. ನಿಮಗೆ ಇಲ್ಲ ಅನ್ನೋಕೆ ನಂಗೂ ಸಂಕಟ ಆಗುತ್ತೆ. ಆದ್ರೆ ನನ್ನ ಕೈಲಿಲ್ಲ.”

ಮೇಷ್ಟ್ರು ಕೈ ಮುಗಿದು ಎದ್ದುಬಿಡುತ್ತಾರೆ. ವಾದ ಇಲ್ಲ, ಗೋಗರೆತ ಇಲ್ಲ. ನನಗೆ ಮೈ ಉರಿಯುತ್ತದೆ. ತಾನು ಹಾಕಿದ ಸ್ವರ, ತನ್ನ ಹೆಂಡತಿಯ ದನಿ, ಕೇಳಲು ಇನ್ಯಾರದೋ ಅಪ್ಪಣೆ! ಹೊರಗಿನ ಮೊಗಸಾಲೆಯಲ್ಲಿ ಮೇಷ್ಟ್ರು ನಿಲ್ಲುತ್ತಾರೆ. “ಮನೇಗೆ ಹೋಗಿ ಅವಳಿಗೆ ಏನಂತ ಹೇಳ್ಲಿ?” ಎಂದು ನನ್ನನ್ನು ಕೇಳುತ್ತಾರೆ.

ಅಷ್ಟರಲ್ಲಿ ಪಕ್ಕದ ಕೋಣೆಯ ಅರೆತೆರೆದ ಬಾಗಿಲು ತಳ್ಳಿ ಒಬ್ಬ ಹೆಂಗಸು ಹೊರಗೆ ಬರುತ್ತಾರೆ. ಕತ್ತಿನಲ್ಲಿ ಹೆಡ್‌ಫೋನ್ ನೇತಾಡುತ್ತಿದೆ. ಹಾಡನ್ನು ಕ್ಲೀನ್ ಮಾಡಿದ ಸೌಂಡ್ ಎಂಜಿನಿಯರ್ ಅವರೇ. ಒಳಗಿನ ಮಾತು ಅವರ ಕಿವಿಗೆ ಬಿದ್ದಿದೆ.

“ಸಾರ್, ಆ ದನಿ ತೆಗೆದಿದ್ದು ನಾನೇ. ಪಕ್ಕದ ಮೈಕಿಂದ ಯಾರದ್ದೋ ಸೋರಿಕೊಂಡಿದೆ ಅಂದ್ಕೊಂಡೆ. ಯಾರದ್ದು ಅಂತ ಗೊತ್ತಿರ್ಲಿಲ್ಲ.”

“ಬಿಡಮ್ಮ, ನಿನ್ನ ಕೆಲ್ಸ ನೀನು ಮಾಡಿದ್ದೀಯ.”

ಆಕೆ ಹೋಗುವುದಿಲ್ಲ. “ಹಾಡಿಂದ ಏನೇನು ತೆಗೀತೀವೋ ಅದನ್ನೆಲ್ಲ ಬೇರೆಯಾಗಿ ಇಟ್ಟಿರ್ತೀವಿ ಸಾರ್. ಜಾಸ್ತಿ ತೆಗೆದುಬಿಟ್ವಾ ಅಂತ ಕೇಳಿ ನೋಡೋಕೆ. ಟೇಪಿನ ಸದ್ದು, ಕರೆಂಟಿನ ಸದ್ದು, ಕೆಮ್ಮು, ಎಲ್ಲಾ ಅದ್ರಲ್ಲೇ ಇರುತ್ತೆ. ಅವ್ರ ದನೀನೂ ಅದ್ರಲ್ಲಿದೆ.” ಒಂದು ಕ್ಷಣ ಮ್ಯಾನೇಜರ್ ಬಾಗಿಲ ಕಡೆ ನೋಡಿ ಹೇಳುತ್ತಾರೆ: “ಹಾಡು ಕೊಡೋ ಹಾಗಿಲ್ಲ. ಇದು ಹಾಡಲ್ಲ, ಕಸ. ಕಸ ತಗೊಂಡು ಹೋಗೋಕೆ ಯಾರ ಪರ್ಮಿಷನ್ನೂ ಬೇಡ.”

ಮೇಷ್ಟ್ರ ಫೋನು ಹಳೆಯದು. ಹಾಗಾಗಿ ಆ ‘ಕಸ’ ನನ್ನ ಫೋನಿಗೆ ಬರುತ್ತದೆ. ದಾರಿಯುದ್ದಕ್ಕೂ ಮೇಷ್ಟ್ರು ಅದನ್ನು ಹಾಕಿ ಅನ್ನುವುದಿಲ್ಲ, ನಾನೂ ಕೇಳುವುದಿಲ್ಲ. ಮೊದಲು ಕೇಳಬೇಕಾದವರು ಮನೆಯಲ್ಲಿದ್ದಾರೆ.

ಮನೆ ತಲುಪಿದಾಗ ಕೆಳಗಿನ ಮಷೀನುಗಳು ಭರಾಟೆಯಲ್ಲಿವೆ. ಮೇಷ್ಟ್ರು ಅಂಗಡಿಯೊಳಗೆ ಬಗ್ಗಿ ನೋಡಿ, “ಸ್ವಲ್ಪ ಹೊತ್ತು ಮಷೀನ್ ನಿಲ್ಸಪ್ಪ” ಅನ್ನುತ್ತಾರೆ. ಇಷ್ಟು ವರ್ಷಗಳಲ್ಲಿ ಅವರು ಹಾಗೆ ಕೇಳಿದ್ದು ಇದೇ ಮೊದಲಂತೆ. ಟೈಲರ್ ಗಾಬರಿಯಾಗಿ, “ಅಕ್ಕನಿಗೇನಾಯ್ತು?” ಎನ್ನುತ್ತಾ ಅಳತೆಪಟ್ಟಿ ಹೆಗಲ ಮೇಲಿದ್ದ ಹಾಗೇ ನಮ್ಮ ಹಿಂದೆ ಮೆಟ್ಟಿಲೇರುತ್ತಾನೆ.

ಅಕ್ಕ ಗಂಡನ ಮುಖ ನೋಡಿಯೇ ಎಲ್ಲ ಅರ್ಥಮಾಡಿಕೊಳ್ಳುತ್ತಾರೆ. ಹಾಡಿನಲ್ಲಿ ಇನ್ನು ತಾನಿಲ್ಲ. ತಲೆ ತಗ್ಗಿಸಿ ಸೆರಗಿನ ಅಂಚು ತೀಡುತ್ತಾರೆ. ಮೇಷ್ಟ್ರು ಅವರನ್ನು ಬೆಳಗಿನ ಅದೇ ಸ್ಟೂಲಿನ ಮೇಲೆ ಕೂರಿಸುತ್ತಾರೆ. ನಾನು ಫೋನನ್ನು ಹಾರ್ಮೋನಿಯಂ ಮೇಲಿಡುತ್ತೇನೆ.

ಮೊದಲು ಬರೀ ಸರಸರ ಸದ್ದು. ಎಲ್ಲೋ ಕುರ್ಚಿ ಕಿರುಗುಟ್ಟುತ್ತದೆ. ಯಾರೋ ಕೆಮ್ಮುತ್ತಾರೆ. ವಾದ್ಯವಿಲ್ಲ, ತಾಳವಿಲ್ಲ, ಹೆಸರಾಂತ ಗಾಯಕಿಯೂ ಇಲ್ಲ. ಆ ಸರಸರದ ನಡುವೆ ಒಬ್ಬ ಹೆಂಗಸು ಮೂಗಿನಿಂದ ಉಸಿರೆಳೆದುಕೊಳ್ಳುವ ಸದ್ದು ಕೇಳಿಸುತ್ತದೆ. ಅದೇ ಗಳಿಗೆಯಲ್ಲಿ ಅಕ್ಕನ ಕತ್ತಿನ ಬಿಳಿ ಬಟ್ಟೆ ಒಳಕ್ಕೆ ಎಳೆದುಕೊಳ್ಳುತ್ತದೆ. ಆಮೇಲೆ ಗುನುಗು. ಕಿರಿ ವಯಸ್ಸಿನ, ಸ್ವಲ್ಪ ನಡುಗುವ, ಬೆಚ್ಚನೆಯ ದನಿ. ಅಕ್ಕ ಕಣ್ಣು ಮುಚ್ಚಿ ಅದರ ಜೊತೆಗೇ ಗುನುಗುತ್ತಾರೆ, ತುಟಿ ಬಿಗಿದುಕೊಂಡು, ಒಂದಿಷ್ಟೂ ಸದ್ದಿಲ್ಲದೆ.

ಅದು ಮುಗಿಯಲು ಎಷ್ಟು ಹೊತ್ತು? ಒಂದು ಲೋಟ ನೀರು ಕುಡಿಯುವಷ್ಟೂ ಇಲ್ಲ. ಟೈಲರ್ ಬಾಗಿಲ ಕಡೆ ಮುಖ ತಿರುಗಿಸಿಕೊಂಡಿದ್ದಾನೆ. ನನ್ನ ಕಣ್ಣೂ ಒದ್ದೆಯಾಗಿದೆ, ಮುಚ್ಚಿಡುವುದೇನು?

ಅಕ್ಕ ಕಣ್ಣು ತೆರೆದು, ಹೆಬ್ಬೆರಳು ತೋರುಬೆರಳು ಸೇರಿಸಿ, ಕೈಯನ್ನು ಚೂರೇ ಚೂರು ಕೆಳಗಿಳಿಸಿ ತೋರಿಸುತ್ತಾರೆ.

“ಶ್ರುತಿ ಒಂದು ಕೂದಲೆಳೆ ಕೆಳಗಿದೆ ಅಂತಾಳೆ” ಎಂದು ಮೇಷ್ಟ್ರು ನನಗೆ ತಿಳಿಸಿ ಹೇಳುತ್ತಾರೆ. ಫೋನನ್ನು ಎತ್ತಿ ಅಂಗೈಯಲ್ಲಿಟ್ಟುಕೊಳ್ಳುತ್ತಾರೆ. “ಇದ್ರೂ ಇರ್ಬಹುದು. ಆದ್ರೆ ಉಸಿರು ನೋಡಿದ್ರಾ ಸರ್? ಎಲ್ಲಿ ತಗೋಬೇಕೋ ಅಲ್ಲೇ ತಗೊಂಡಿದ್ದಾಳೆ.”