ಒಂಬತ್ತನೆಯ ಟವೆಲ್

ಒಬ್ಬ ಆಟಗಾರನ ಬದುಕನ್ನು ನಾನು ತಿಳಿದುಕೊಂಡದ್ದು ಬಟ್ಟೆ ಒಗೆಯುವ ಮೆಷಿನ್ನಿನ ಮುಂದೆ ನಿಂತು. ಫುಟ್‌ಬಾಲ್ ನನಗೆ ಆಗಲೂ ಗೊತ್ತಿರಲಿಲ್ಲ, ಈಗಲೂ ಅಷ್ಟಕ್ಕಷ್ಟೇ. ಆದರೆ ಒಂದು ಟವೆಲ್ ಕೈಗೆ ಕೊಟ್ಟರೆ ಅದು ಎಷ್ಟು ವರ್ಷ ನೀರು ಕಂಡಿದೆ ಎಂದು ಹೇಳಬಲ್ಲೆ.

ಅವನು ಫಿನ್‌ಲ್ಯಾಂಡಿನವನು. ಸ್ಟ್ರೈಕರ್, ಅಂದರೆ ಮುಂದೆ ನಿಂತು ಗೋಲು ಹೊಡೆಯುವವನು. ಮೂವತ್ತೈದು ವರ್ಷ. ಡಾಲಸ್ ಪಕ್ಕದ ಫಾರ್ಮರ್ಸ್ ಬ್ರಾಂಚ್ ಎಂಬ ಊರಿನ ನಮ್ಮ ಮನೆಗೆ ಬಂದದ್ದು ಫೆಬ್ರವರಿಯಲ್ಲಿ. ಇಲ್ಲಿನ ಕೆಳಹಂತದ ಕೆಲವು ಕ್ಲಬ್ಬುಗಳು ಆಟಗಾರರಿಗೆ ಅಪಾರ್ಟ್‌ಮೆಂಟ್ ಮಾಡಿಕೊಡುವುದಿಲ್ಲ. ಊರಿನ ಯಾರದಾದರೂ ಮನೆಯಲ್ಲಿ ಒಂದು ಕೋಣೆ ಕೇಳುತ್ತವೆ. ಮಗಳು ಓದಲು ಆಸ್ಟಿನ್‌ಗೆ ಹೋಗಿ ಅವಳ ಕೋಣೆ ಖಾಲಿ ಬಿದ್ದಿತ್ತು. ಇವನು ಅದೇ ಆಸ್ಟಿನ್‌ನ ಇನ್ನೊಂದು ಕ್ಲಬ್ಬಿನಿಂದ ಡಾಲಸ್‌ಗೆ ಬರುವವನಿದ್ದ. ನಮ್ಮ ಯಜಮಾನರು ಧಾರವಾಡದ ಕಡೆಯವರು. ಪಂಕ್ತಿಯಲ್ಲಿ ಇನ್ನೊಬ್ಬರಿಲ್ಲದಿದ್ದರೆ ಅವರಿಗೆ ಅನ್ನ ಇಳಿಯುವುದಿಲ್ಲ. "ಬರ್ಲಿ ಬಿಡು, ಒಂದ್ ಹೊಟ್ಟಿ, ಒಂದ್ ಹಾಸಿಗಿ," ಎಂದರು. ಅಲ್ಲಿಗೆ ತೀರ್ಮಾನವಾಯಿತು.

ಮೊದಲ ಶನಿವಾರ ಅವನ ಬುಟ್ಟಿಯಲ್ಲಿ ಎಂಟು ಟವೆಲ್ ಇದ್ದವು. ಒಂದೊಂದರ ಮೂಲೆಯಲ್ಲೂ ಒಂದೊಂದು ಕ್ಲಬ್ಬಿನ ಗುರುತು.

"ಒಬ್ಬನಿಗೆ ಎಂಟು ಟವೆಲ್ ಯಾಕಪ್ಪ?" ಎಂದು ಕೇಳಿದೆ. ನಾವು ಮಾತಾಡುತ್ತಿದ್ದದ್ದು ಇಂಗ್ಲಿಷಿನಲ್ಲಿ. ಅವನ ಇಂಗ್ಲಿಷೂ ನನ್ನದರ ಹಾಗೆ ಕಷ್ಟಪಟ್ಟು ಕಲಿತದ್ದು. ಹಾಗಾಗಿ ಇಬ್ಬರಿಗೂ ಚೆನ್ನಾಗಿ ಹೊಂದಿಕೆಯಾಗುತ್ತಿತ್ತು.

"ಕ್ಲಬ್‌ನವರು ಬಿಟ್ಟು ಕಳಿಸುವಾಗ ಜರ್ಸಿ ವಾಪಸ್ ಕೇಳ್ತಾರೆ, ಟ್ರ್ಯಾಕ್‌ಸೂಟ್ ಕೇಳ್ತಾರೆ. ಟವೆಲ್ ಯಾರೂ ಕೇಳಲ್ಲ."

ಡ್ರೈಯರ್‌ನಿಂದ ತೆಗೆದು ಮಡಿಸುತ್ತಾ ಹೇಳಿದ. ನೀಲಿಯದು ಸ್ವೀಡನ್ನಿನದು. ಹತ್ತೊಂಬತ್ತನೇ ವಯಸ್ಸಿಗೆ ಹೋಗಿ, ಮೊಣಕಾಲು ಹಾಳಾಗಿ ವರ್ಷದೊಳಗೆ ಮನೆಗೆ ಬಂದಿದ್ದ. ಕಪ್ಪು ಸ್ಕಾಟ್‌ಲೆಂಡಿನದು, ಎಷ್ಟು ಒಣಗಿಸಿದರೂ ಮಳೆಯ ವಾಸನೆ. ಸೈಪ್ರಸ್ಸಿನದು ಬಿಳಿ, ತೆಳ್ಳಗೆ. ಅಲ್ಲಿ ಒಂದೇ ವರ್ಷಕ್ಕೆ ಮೂವರು ಕೋಚ್‌ಗಳು, ಮೂರನೆಯವನಿಗೆ ಇವನ ಹೆಸರೇ ಗೊತ್ತಿರಲಿಲ್ಲ. ಹಂಗೆರಿಯದು, ಕಜಕಿಸ್ತಾನದ್ದು, ಅನ್ನ ತಿನ್ನುವುದು ಕಲಿಸಿದ ಮಲೇಷ್ಯಾದ ಹಳದಿಯದು. ಆಮೇಲೆ ಟೆಕ್ಸಸ್. ಹ್ಯೂಸ್ಟನ್‌ನ ಕಂದುಬಣ್ಣದ ಟವೆಲ್ಲನ್ನು ಸ್ವಲ್ಪ ಜೋರಾಗಿಯೇ ಕೊಡವಿದ. ಅಂಗಡಿಯಲ್ಲಿ ಮೊಟ್ಟೆ ಆರಿಸುತ್ತಾ ನಿಂತಿದ್ದಾಗ ನೀನು ಬೇಡ ಎಂದು ಫೋನಿಗೆ ಮೆಸೇಜ್ ಬಂದಿತ್ತಂತೆ. ಆಸ್ಟಿನ್‌ನ ಕೋಚ್ ಕಾಫಿ ಕೊಡಿಸಿ, ಎದುರು ಕೂತು ಹೇಳಿದನಂತೆ. "ಇದು ಒಳ್ಳೇ ಟವೆಲ್," ಎಂದ.

ಅವನು ಜೀವನದಲ್ಲಿ ಅತಿ ಹೆಚ್ಚು ಗೋಲು ಹೊಡೆದದ್ದು ಹಾಲೆಂಡಿನಲ್ಲಿ ಎಂದು ಬಂದ ದಿನವೇ ಹೇಳಿದ್ದ. ಆ ವರ್ಷವೇ ಒಮ್ಮೆ, ಒಂದೇ ಒಂದು ಸಲ, ತನ್ನ ದೇಶದ ತಂಡಕ್ಕೆ ಹನ್ನೊಂದು ನಿಮಿಷ ಆಡಿದ್ದ. "ಹಾಲೆಂಡಿನ ಟವೆಲ್ ಎಲ್ಲಿ?" ಎಂದೆ.

"ಅಲ್ಲಿಂದ ನಾನಾಗೇ ಹೊರಟೆ. ಅವರು ಇರು ಅಂದ್ರು, ನಾನು ಕೇಳಲಿಲ್ಲ. ನಾನಾಗಿ ಬಿಟ್ಟ ಕಡೆಯಿಂದ ಟವೆಲ್ ತರಲ್ಲ. ನನ್ನನ್ನ ಬಿಟ್ಟ ಕಡೆಯಿಂದ ಮಾತ್ರ."

ನಾನು ನಕ್ಕೆ. ಆಗ ಅದು ನಗುವ ಮಾತೇ ಆಗಿತ್ತು.

ಮನೆಗೆ ಬೇಗ ಒಗ್ಗಿಕೊಂಡ. ಪಂದ್ಯದ ಹಿಂದಿನ ದಿನ ಮೊಸರನ್ನ, ಪಂದ್ಯದ ಮಾರನೆಯ ದಿನ ಸಾರು, ಅದೂ ಲೋಟದಲ್ಲಿ. ಬಂದುಹೋಗುವ ಹುಡುಗರು ಕರೆಯುವುದನ್ನು ಕೇಳಿ ನನ್ನನ್ನು ಆಂಟಿ ಎನ್ನತೊಡಗಿದ. ಹೋದಲ್ಲೆಲ್ಲಾ ಅವನಿಗೆ ಅವನ ದೇಶದ ಬಿಸಿ ಹಬೆಯ ಕೋಣೆಯದೇ ನೆನಪು. ಜುಲೈ ಮಧ್ಯಾಹ್ನ ಡ್ರೈವ್‌ವೇಯಲ್ಲಿ ನಿಲ್ಲಿಸಿದ ಕಾರಿನೊಳಗೆ ಗಾಜು ಏರಿಸಿಕೊಂಡು ಹತ್ತು ನಿಮಿಷ ಕೂತು, ಕೆಂಪು ಕೆಂಪಾಗಿ ಇಳಿದು ಬರುತ್ತಿದ್ದ. ಎದುರುಮನೆಯಾಕೆ ಗಾಬರಿಯಿಂದ ಓಡಿ ಬಂದಿದ್ದರು. ಯಜಮಾನರಿಗಂತೂ ಅದೇ ಮಾತು: "ಏನಪಾ, ಇಡ್ಲಿ ಬೆಂದ್ವೇನು?"

ಅಡುಗೆಮನೆಯಲ್ಲಿ ಫ್ರಿಜ್ಜಿನ ಪಕ್ಕ ನನ್ನ ಕನ್ನಡ ಕ್ಯಾಲೆಂಡರು ತೂಗುತ್ತದೆ. ಹಾಲು ತಂದದ್ದು, ಎ.ಸಿ. ಫಿಲ್ಟರ್ ಬದಲಿಸಿದ್ದು, ಮಗಳು ಬರುವುದು, ಎಲ್ಲವೂ ಅದರ ಮನೆಗಳಲ್ಲಿ ಪುಟ್ಟ ಅಕ್ಷರದಲ್ಲಿ ಇರುತ್ತದೆ. ಮಾರ್ಚಿನಿಂದ ಅದರಲ್ಲಿ ಕೆಂಪು ಸುತ್ತುಗಳೂ ಸೇರಿದವು. ಅವನು ಮೊದಲ ನಿಮಿಷದಿಂದ ಆಡಿದ ಪಂದ್ಯಕ್ಕೆ ಒಂದು ಸುತ್ತು. ಯಾಕೆಂದರೆ ಅವನೇ ಹೇಳಿದ್ದ: ಕಾಂಟ್ರ್ಯಾಕ್ಟಿನಲ್ಲಿ ಒಂದು ಸಾಲಿದೆ, ಹದಿನೆಂಟು ಪಂದ್ಯ ಮೊದಲಿನಿಂದ ಆಡಿದರೆ ಇನ್ನೊಂದು ವರ್ಷ ತಾನಾಗಿಯೇ ಸಿಗುತ್ತದೆ. ಮಧ್ಯದಲ್ಲಿ ಮೈದಾನಕ್ಕೆ ಇಳಿದರೆ ಲೆಕ್ಕಕ್ಕಿಲ್ಲ. ಕಾಂಟ್ರ್ಯಾಕ್ಟ್ ಮುಗಿದರೆ ವೀಸಾನೂ ಮುಗಿಯುತ್ತದೆ.

"ಹಾಲೆಂಡ್ ಬಿಟ್ಟ ಮೇಲೆ ಯಾವ ಊರಲ್ಲೂ ಎರಡನೇ ವರ್ಷ ಇದ್ದವನಲ್ಲ ನಾನು," ಎಂದ ಒಂದು ದಿನ. ಹಿತ್ತಲಿನಲ್ಲಿ ನಾನು ಕರಿಬೇವಿನ ಕುಂಡಕ್ಕೆ ನೀರು ಹಾಕುತ್ತಿದ್ದೆ. "ಈ ಗಿಡ ಇಲ್ಲಿನ ಚಳಿ ತಡೆಯುತ್ತಾ?"

"ಒಳಗಿಟ್ಟರೆ ತಡೆಯುತ್ತೆ. ಫೆಬ್ರವರಿಯಲ್ಲಿ ನೀನೇ ಹೊರಗೆ ತಂದಿಡು."

"ಇಡ್ತೀನಿ," ಎಂದ. ಆ ವಾರ ಅವನ ಸೂಟ್‌ಕೇಸು ಮೊದಲ ಬಾರಿಗೆ ಪೂರ್ತಿ ಖಾಲಿಯಾಗಿ ಗ್ಯಾರೇಜಿಗೆ ಹೋಯಿತು. ಅದುವರೆಗೆ ಅದರ ತಳದ ಬಟ್ಟೆಗಳನ್ನು ಅವನು ತೆಗೆದೇ ಇರಲಿಲ್ಲ.

ಆಗಸ್ಟ್ ಕೊನೆಗೆ ಹದಿನೇಳು ಸುತ್ತುಗಳಾಗಿದ್ದವು. ಮೀನಖಂಡ ಹಿಡಿದುಕೊಂಡು ಒಂದು ಪಂದ್ಯ ತಪ್ಪಿತು, ಗುಣವಾಯಿತು. ಇನ್ನು ನಾಲ್ಕು ಪಂದ್ಯ ಉಳಿದಿದ್ದವು, ಬೇಕಾದ್ದು ಒಂದೇ ಒಂದು. ಅವನು ಸುಮ್ಮನಿದ್ದ. ಸುಮ್ಮನಿರಲಾಗದವಳು ನಾನು.

ಆ ವಸಂತದಲ್ಲಿ ಕ್ಲಬ್ಬು ಕೈ ಬದಲಾಯಿಸಿತ್ತು. ಕೊಂಡವರ ಪೈಕಿ ಒಬ್ಬರು ನಮ್ಮ ಮೈಸೂರಿನವರು, ಸೌತ್‌ಲೇಕ್‌ನಲ್ಲಿ ಮನೆ. ಗಣೇಶನ ಹಬ್ಬದಲ್ಲಿ ಸಾಲಾಗಿ ಕೂತು ಊಟ ಮಾಡಿದ ಪರಿಚಯ. ನಾನು ಬೆಳೆದದ್ದು ಹಾಗೆ: ಶಾಲೆಯ ಸೀಟಿಗೆ, ಗ್ಯಾಸ್ ಸಿಲಿಂಡರಿಗೆ, ಅಪ್ಪನ ಟ್ರಾನ್ಸ್‌ಫರಿಗೆ, ಎಲ್ಲಕ್ಕೂ ಗೊತ್ತಿರುವವರ ಬಾಯಲ್ಲಿ ಒಂದು ಮಾತು ಹಾಕಿಸಬೇಕು. ಆಗುವ ಕೆಲಸವೇ ಆದರೂ ಹಾಕಿಸಬೇಕು, ಇಲ್ಲದಿದ್ದರೆ ಏನೋ ಬಾಕಿ ಉಳಿದ ಹಾಗೆ. ನಮ್ಮವರೇ ಇರುವಾಗ ಹೇಳದಿದ್ದರೆ ಅದು ಕೊಬ್ಬು ಎಂದೇ ನಮ್ಮ ಮನೆಯಲ್ಲಿ ಎಣಿಕೆ.

ಭಾನುವಾರ ಊಟಕ್ಕೆ ಕರೆದೆ. ಫಿನ್‌ಲ್ಯಾಂಡಿನವನು ಅಭ್ಯಾಸಕ್ಕೆ ಹೋಗಿದ್ದ. ಅವನಿಗೆ ಹೇಳಲೂ ಇಲ್ಲ. ಕೋಸಂಬರಿ, ಹುಳಿ, ಬೇಳೆ ಹೋಳಿಗೆ. ಎರಡನೆಯ ಹೋಳಿಗೆಗೆ ತುಪ್ಪ ಬಡಿಸುವಾಗ ಮಾತು ತೆಗೆದೆ.

"ನಮ್ಮನೆ ಹುಡುಗನ್ನ ಸ್ವಲ್ಪ ನೋಡ್ಕೊಳ್ಳಿ. ಇನ್ನೊಂದೇ ಒಂದು ಮ್ಯಾಚು ಶುರುವಿಂದ ಆಡಿಸಿಬಿಟ್ರೆ ಅವನಿಗೆ ಮುಂದಿನ ವರ್ಷ ಗ್ಯಾರಂಟಿ."

"ಹೌದಾ ಅಕ್ಕ?" ಅವರ ಕೈ ಎಲೆಯ ಮೇಲೆಯೇ ನಿಂತಿತು. "ಗ್ಯಾರಂಟಿ ಅಂದ್ರೆ?"

"ಹದಿನೆಂಟು ಆದ್ರೆ ಕಾಂಟ್ರ್ಯಾಕ್ಟ್ ತಾನಾಗೇ ಮುಂದುವರಿಯುತ್ತಂತೆ. ಹಳೇ ಓನರ್ ಬರ್ಕೊಟ್ಟಿದ್ದಾರೆ."

"ಈಗ ಎಷ್ಟಾಗಿದೆ? ಕರೆಕ್ಟಾಗಿ ಗೊತ್ತಾ ನಿಮಗೆ?"

ಕರೆಕ್ಟಾಗಿ ಗೊತ್ತಾ ಎಂದು ನನ್ನನ್ನು ಕೇಳುವುದೇ! ಕ್ಯಾಲೆಂಡರನ್ನು ಮೊಳೆಯಿಂದ ಇಳಿಸಿ ತಂದೆ. ಮಾರ್ಚಿನಿಂದ ಒಂದೊಂದೇ ಹಾಳೆ ತಿರುಗಿಸಿ ಸುತ್ತುಗಳನ್ನು ತೋರಿಸಿದೆ. ಅವರು ಕೈ ತೊಳೆದು ಬಂದು, ಫೋನ್ ತೆಗೆದು, ಹಾಳೆ ಹಾಳೆಯನ್ನೂ ಫೋಟೋ ಹೊಡೆದುಕೊಂಡರು.

"ಏನ್ ಶಿಸ್ತು ಅಕ್ಕ ನಿಮ್ದು! ನಮ್ಮ ಆಫೀಸಲ್ಲೂ ಹಿಂಗಿಟ್ಟಿಲ್ಲ."

ಹೊರಡುವಾಗ ಆರು ಹೋಳಿಗೆ ಫಾಯಿಲ್‌ನಲ್ಲಿ ಸುತ್ತಿ ಕೊಟ್ಟೆ. "ಆಯ್ತು, ನಾನು ಮಾತಾಡ್ತೀನಿ," ಎಂದರು. ಮಾತಾಡಿದರು.

ಮುಂದಿನ ಪಂದ್ಯದಲ್ಲಿ ಅವನನ್ನು ಬೆಂಚಿನಿಂದ ಏಳಿಸಲಿಲ್ಲ. ಅದರ ಮುಂದಿನದು ಆಸ್ಟಿನ್‌ನಲ್ಲಿತ್ತು. ಮಗಳನ್ನು ನೋಡಿದಂತೆಯೂ ಆಯಿತೆಂದು ನಾವಿಬ್ಬರೂ ಡ್ರೈವ್ ಮಾಡಿಕೊಂಡು ಹೋದೆವು. ಐದು ನಿಮಿಷ ಉಳಿದಿರುವಾಗ ಅವನನ್ನು ಮೈದಾನಕ್ಕೆ ಇಳಿಸಿದರು. ಇಳಿದವನು ಗೋಲು ಹೊಡೆದ. ಯಜಮಾನರು ಎದ್ದು ನಿಂತು ಕೂಗಿದರು. ಮಗಳು ಮಾತ್ರ ನನ್ನ ಕಡೆ ತಿರುಗಿ, "ಅಮ್ಮಾ, ಹೀ ಈಸ್ ದೇರ್ ಬೆಸ್ಟ್ ಗೈ. ವೈ ಡಿಡ್ನ್ಟ್ ದೇ ಸ್ಟಾರ್ಟ್ ಹಿಮ್?" ಎಂದಳು. "ಕಾಲು ಪೂರ್ತಿ ವಾಸಿಯಾಗಿಲ್ಲವೇನೋ," ಎಂದೆ. ಹಾಗೆಂದೇ ನಂಬಿದ್ದೆ ಕೂಡ. ಮೂರನೆಯದು ಹ್ಯೂಸ್ಟನ್‌ನಲ್ಲಿ. ಅಲ್ಲಿಗೆ ಅವನನ್ನು ಕರೆದುಕೊಂಡೇ ಹೋಗಲಿಲ್ಲ. ಅವತ್ತು ಮಧ್ಯಾಹ್ನವೆಲ್ಲಾ ಅವನು ಹಿತ್ತಲಿನ ಬೇಲಿಗೆ ಚೆಂಡು ಒದೆಯುತ್ತಿದ್ದ. ನಾನು ಒಳಗೆ ಸೊಪ್ಪು ಬಿಡಿಸುತ್ತಾ ಆ ಸದ್ದು ಎಣಿಸುತ್ತಿದ್ದೆ.

ಕೊನೆಯ ಪಂದ್ಯ ಇಲ್ಲೇ. ಮೊಸರನ್ನ ತಿಂದು ಹೋಗಿದ್ದ. ಹನ್ನೊಂದು ಜನರ ಹೆಸರು ಬೋರ್ಡಿನ ಮೇಲೆ ಬಂದಾಗ ಅವನದಿರಲಿಲ್ಲ. ಎರಡನೆಯ ಅರ್ಧದ ಉದ್ದಕ್ಕೂ ಗೆರೆಯ ಪಕ್ಕ ಓಡುತ್ತಾ ಮೈ ಬಿಸಿ ಮಾಡಿಕೊಳ್ಳುತ್ತಿದ್ದ. ಯಾರೂ ಕರೆಯಲಿಲ್ಲ. ಪಂದ್ಯ ಮುಗಿದ ಮೇಲೆ ಪಾಪ್‌ಕಾರ್ನ್ ಅಂಗಡಿಯ ಹತ್ತಿರ ಮೈಸೂರಿನವರು ಸಿಕ್ಕರು, ಖುಷಿಯಲ್ಲಿದ್ದರು.

"ಅಕ್ಕ, ನಿಮಗೆ ಥ್ಯಾಂಕ್ಸ್ ಹೇಳ್ಬೇಕು ಅಂತಿದ್ದೆ. ಕಾಂಟ್ರ್ಯಾಕ್ಟಿನ ಆ ಸಾಲು ನಮ್ಮ ಯಾರ ಕಣ್ಣಿಗೂ ಬಿದ್ದಿರಲಿಲ್ಲ ನೋಡಿ. ನೀವು ಹೇಳ್ದೆ ಇದ್ದಿದ್ರೆ ಸುಮ್ನೆ ಆಡಿಸಿಬಿಡ್ತಿದ್ರು, ಮೂವತ್ತೈದರವನನ್ನ ಇನ್ನೊಂದು ವರ್ಷ ಇಟ್ಕೊಂಡು ಒದ್ದಾಡ್ಬೇಕಿತ್ತು."

ನಾನು ಹೊರಡಲು ಬ್ಯಾಗು ಹೆಗಲಿಗೆ ಹಾಕಿಕೊಂಡೆ.

"ಬೇಜಾರ್ ಮಾಡ್ಕೋಬೇಡಿ, ಬಿಸಿನೆಸ್ ಇದು. ಹೋಳಿಗೆ ಮಾತ್ರ ಸೂಪರಾಗಿತ್ತು, ನಮ್ಮನೆಯವಳು ರೆಸಿಪಿ ಕೇಳ್ತಿದ್ಲು."

ಇಂಥ ಮನುಷ್ಯನನ್ನು ಬಯ್ಯಲು ನನ್ನ ಹತ್ತಿರ ಮಾತು ಬೇಕಾದಷ್ಟಿವೆ. ಆದರೆ ಆತ ಕದ್ದು ಕೇಳಿದ್ದಲ್ಲ, ಲಂಚ ಕೊಟ್ಟು ತೆಗೆಸಿದ್ದೂ ಅಲ್ಲ. ನಾನೇ ಮಣೆ ಹಾಕಿ, ತುಪ್ಪ ಬಡಿಸಿ, ತಿಂಗಳು ತಿಂಗಳಾಗಿ ಬರೆದಿಟ್ಟಿದ್ದನ್ನು ಹಾಳೆ ತಿರುಗಿಸಿ ಕೊಟ್ಟದ್ದು.

ಮಾರನೆಯ ಬೆಳಿಗ್ಗೆ ಅವನಿಗೆ ಹೇಳಿದೆ. ಹೇಳದೆ ಇರಬಹುದಿತ್ತು. ಯಜಮಾನರೂ ಬೇಡವೆಂದೇ ಅಂದಿದ್ದರು. ಅವನು ಓಟ್ಸ್ ತಿನ್ನುತ್ತಿದ್ದ. ಪೂರ್ತಿ ಕೇಳಿಸಿಕೊಂಡ. ಕ್ಯಾಲೆಂಡರಿನ ಕಡೆ ಒಮ್ಮೆ ನೋಡಿದ.

"ಇದರ ಫೋಟೋ ತೆಗೆದನಾ?"

"ಹೌದು."

"ಎಲ್ಲಾ ಹಾಳೆದೂ?"

"ಎಲ್ಲಾದೂ."

"ಹದಿನಾರು ವರ್ಷದಲ್ಲಿ ನನಗೆ ಐದು ಜನ ಏಜೆಂಟ್‌ಗಳು," ಎಂದ. "ಒಬ್ಬನೂ ಇಷ್ಟು ಅಚ್ಚುಕಟ್ಟಾಗಿ ಬರೆದಿಟ್ಟಿರಲಿಲ್ಲ." ನಗಲಿಲ್ಲ. ಬಟ್ಟಲು ತೊಳೆದು, ಒರೆಸಿ, ಅದರ ಜಾಗದಲ್ಲಿ ಇಟ್ಟು, "ಥ್ಯಾಂಕ್ ಯೂ, ಮ್ಯಾಮ್," ಎಂದು ಕೋಣೆಗೆ ಹೋದ. ಇಲ್ಲಿ ಅಂಗಡಿಯವನೂ ನನ್ನನ್ನು ಮ್ಯಾಮ್ ಎನ್ನುತ್ತಾನೆ, ಪೊಲೀಸಿನವನೂ ಎನ್ನುತ್ತಾನೆ. ಅವನು ಅಂದದ್ದು ಅವತ್ತೇ ಮೊದಲು. ಆಮೇಲೆ ಇದ್ದ ಒಂಬತ್ತು ದಿನವೂ ಅದೇ.

ಮಗಳಿಗೆ ಫೋನಿನಲ್ಲಿ ಹೇಳಿದಾಗ, "ಅಮ್ಮಾ! ಯೂ ಟೋಲ್ಡ್ ದೆಮ್?" ಎಂದು ಎರಡು ಸಲ ಕೇಳಿದಳು. ಒಳ್ಳೆಯದಕ್ಕೆ ಹೇಳಿದ್ದು ಎಂದೆ.

ಅವನನ್ನು ಏರ್‌ಪೋರ್ಟಿಗೆ ಬಿಟ್ಟವರು ಯಜಮಾನರು. ನಾನೂ ಬರುತ್ತೇನೆಂದೆ, ಕಾರಿನಲ್ಲಿ ಸೂಟ್‌ಕೇಸಿಗೇ ಜಾಗ ಬೇಕು ಎಂದ. ಚಪಾತಿ ಕಟ್ಟಿಕೊಟ್ಟದ್ದನ್ನು ಬೇಡ ಎನ್ನದೆ ತೆಗೆದುಕೊಂಡ. ಯಾವ ಕ್ಲಬ್ಬಿಗೂ ಹೋಗುತ್ತಿರಲಿಲ್ಲ, ಊರಿಗೆ ಹೋಗುತ್ತಿದ್ದ. ಊರಿನಲ್ಲಿ ಅಣ್ಣನ ಟೈರ್ ಅಂಗಡಿ ಇದೆಯಂತೆ.

ಅವರು ಹೋದ ಮೇಲೆ ಕೋಣೆಯ ಹಾಸಿಗೆ ಬಟ್ಟೆ ತೆಗೆಯಲು ಹೋದೆ. ಎಲ್ಲ ಚೊಕ್ಕಟವಾಗಿತ್ತು. ದಿಂಬಿನ ಮೇಲೆ ಈ ಕ್ಲಬ್ಬಿನ ಬೂದುಬಣ್ಣದ ಟವೆಲ್ ಮಡಿಸಿಟ್ಟಿದ್ದ. ಮರೆತನೇ ಎಂದುಕೊಂಡೆ. ಆಮೇಲೆ ಬಚ್ಚಲಿಗೆ ಹೋದೆ. ಅವನು ಬಂದ ದಿನ ನಾನು ತೂಗುಹಾಕಿದ್ದ ನಮ್ಮ ಚೌಕುಳಿ ಟವೆಲ್ ಇರಲಿಲ್ಲ. ಊರಿನಿಂದ ತಂದದ್ದು, ಅಂಚಿನಲ್ಲಿ ಒಂದು ಕಡೆ ನಾನೇ ಹೊಲಿಗೆ ಹಾಕಿದ್ದು. ಬುಟ್ಟಿಯಲ್ಲಿ, ಮೆಷಿನ್ನಿನಲ್ಲಿ, ಡ್ರೈಯರ್‌ನಲ್ಲಿ ಹುಡುಕಿದೆ. ಎಲ್ಲೂ ಇರಲಿಲ್ಲ.

ಯಜಮಾನರು ವಾಪಸು ಬಂದು ಏನು ಹುಡುಕುತ್ತಿದ್ದೀ ಎಂದು ಕೇಳಿದಾಗ ನಮ್ಮ ಚೌಕುಳಿ ಟವೆಲ್ ಕಾಣುತ್ತಿಲ್ಲ ಎಂದೆ.

"ನೆನಪಿಗೆ ಅಂತ ಒಯ್ದಿರ್ತಾನ ಬಿಡು," ಎಂದರು, ಸಂತೋಷದಿಂದಲೇ. "ಭಾಳ ಹಚ್ಕೊಂಡಿದ್ದ ನಮ್ಮನ್ನ."

ಅವನು ಟವೆಲ್ ಎಲ್ಲಿಂದ ಒಯ್ಯುತ್ತಾನೆ, ಎಲ್ಲಿಂದ ಒಯ್ಯುವುದಿಲ್ಲ ಎಂಬುದು ಈ ಮನೆಯಲ್ಲಿ ನನಗೊಬ್ಬಳಿಗೇ ಗೊತ್ತು. ಹೂಂ ಎಂದೆ. ಬೂದುಬಣ್ಣದ್ದನ್ನು ಒಗೆಯಲು ಹಾಕಿದೆ.